ಪಂಜರದ ಗಿಳಿ ಮತ್ತು ನಮ್ಮ ಹೊಣೆ

ಬೈಲಹೊಂಗಲದ ನಮ್ಮ ಮದ್ರಸಾದಲ್ಲಿ ಅಂದಿನ ಪಾಠ, ಬೆಕ್ಕನ್ನು ಕೂಡಿಹಾಕಿದ ಸ್ತ್ರೀಯ ಕುರಿತ ಹದೀಸ್ ಆಗಿತ್ತು. ಆಕೆ ಅದಕ್ಕೆ ತಾನೂ ಉಣಿಸಲಿಲ್ಲ, ಹುಳಹುಪ್ಪಟೆ ಹಿಡಿದು ತಿನ್ನಲು ಹೊರಗೆ ಬಿಡಲೂ ಇಲ್ಲ. ಬೆಕ್ಕು ಸತ್ತಿತು, ಆ ಕಾರಣಕ್ಕೆ ಆಕೆ ಶಿಕ್ಷೆಗೆ ಗುರಿಯಾದಳು ಎಂದು ಪ್ರವಾದಿವರ್ಯರು(ಸ) ತಿಳಿಸಿರುವರು. ಪಾಠ ಮುಗಿಯುತ್ತಲೇ ಒಬ್ಬ ಹುಡುಗಿ ಎದ್ದು ನಿಂತಳು. "ಹಜರತ್, ನಮ್ಮ ಮಿಠ್ಠೂನ ನಾವು ಪಂಜರದಾಗ ಇಟ್ಟೇವಿ. ಅದೂ ಗುನಾಹ್ ಏನ್ರಿ?"

ನಾನು ತಕ್ಷಣ ಉತ್ತರಿಸಲಿಲ್ಲ. ನನ್ನ ಬಾಲ್ಯದಲ್ಲಿ ನಮ್ಮ ಮನೆಯಲ್ಲೂ ಒಂದು ಗಿಳಿಯಿತ್ತು. ಸಲಾಮ್ ಹೇಳಲು ಕಲಿತಿತ್ತು. ಒಂದು ಬೇಸಿಗೆಯಲ್ಲಿ ಮದುವೆಗೆಂದು ಸವದತ್ತಿಗೆ ಹೋದವರು ಮೂರು ದಿನ ಅಲ್ಲೇ ಉಳಿದೆವು. ಕಾಳು ಸಾಕಷ್ಟು ಹಾಕಿದ್ದೆವು. ನೀರಿನ ಬಟ್ಟಲು ಮಗುಚಿದ್ದನ್ನು ನೋಡುವವರು ಯಾರೂ ಇರಲಿಲ್ಲ. ತಗಡಿನ ಚಪ್ಪರದ ಕೆಳಗಿನ ಆ ಪಂಜರವನ್ನು ನಾನೇ ಮೊದಲು ನೋಡಿದೆ.

ಪ್ರಿಯ ಓದುಗರೇ, ಹಕ್ಕಿ ಸಾಕುವುದನ್ನು ನಮ್ಮ ವಿದ್ವಾಂಸರು ಸಾರಾಸಗಟಾಗಿ ನಿಷೇಧಿಸಿಲ್ಲ. ಹ. ಅನಸ್(ರ)ರ ಪುಟ್ಟ ತಮ್ಮ ಅಬೂ ಉಮೈರ್‌ನ ಬಳಿ ಒಂದು ಸಣ್ಣ ಹಕ್ಕಿಯಿತ್ತು. ಅದು ಸತ್ತಾಗ ಪ್ರವಾದಿವರ್ಯರು(ಸ) ಆ ಮಗುವನ್ನು ಮಾತನಾಡಿಸಿ, ಹಕ್ಕಿಯ ಸುದ್ದಿ ಕೇಳಿ ಸಮಾಧಾನಪಡಿಸಿದರು. ಹಕ್ಕಿ ಇಟ್ಟುಕೊಂಡದ್ದಕ್ಕೆ ಗದರಿಸಲಿಲ್ಲ. ಶಾಫಿಈ ವಿದ್ವಾಂಸ ಇಬ್ನುಲ್ ಕಾಸ್ಸ್ ಈ ಒಂದೇ ಹದೀಸಿನಿಂದ ಅರುವತ್ತರಷ್ಟು ಪಾಠಗಳನ್ನು ಹೆಕ್ಕಿ ಪುಸ್ತಿಕೆ ಬರೆದರು! ಅನ್ನ, ನೀರು ಮತ್ತು ಆರೈಕೆಗೆ ಕುಂದಿಲ್ಲದಿದ್ದರೆ ಹಕ್ಕಿಯನ್ನು ಪಂಜರದಲ್ಲಿಡಬಹುದೆಂದು ಅನೇಕ ವಿದ್ವಾಂಸರು ಹೇಳಿರುವುದು ಇದರ ಆಧಾರದಲ್ಲೇ.

ಆದರೆ ಇನ್ನೊಂದು ಹದೀಸ್ ಇದೆ. ಒಂದು ಪ್ರಯಾಣದಲ್ಲಿ ಸಹಾಬಿಗಳು ಹಕ್ಕಿಯೊಂದರ ಎರಡು ಮರಿಗಳನ್ನು ಎತ್ತಿಕೊಂಡರು. ತಾಯಿಹಕ್ಕಿ ರೆಕ್ಕೆ ಬಡಿಯುತ್ತಾ ಅವರ ಸುತ್ತ ಹಾರಾಡತೊಡಗಿತು. ಪ್ರವಾದಿವರ್ಯರು(ಸ) ಮರಿಗಳನ್ನು ಅದಕ್ಕೆ ಮರಳಿಸುವಂತೆ ಆಜ್ಞಾಪಿಸಿದರು.

ಈಗ ನಮ್ಮ ಗಿಳಿಯ ವಿಚಾರಕ್ಕೆ ಬನ್ನಿ. ಬಿಳಿಜೋಳದ ತೆನೆಗೆ ಹಿಂಡುಹಿಂಡಾಗಿ ಎರಗಿ ರೈತನ ಬೈಗುಳ ತಿನ್ನುವ ಅದೇ ಹಸಿರು ಹಕ್ಕಿ ಅದು. ಚಳಿಗಾಲ ಕಳೆಯುವ ಹೊತ್ತಿಗೆ ಮರದ ಪೊಟರೆ ಅಥವಾ ಹಳೆ ಗೋಡೆಯ ಸಂದಿನಲ್ಲಿ ಮೊಟ್ಟೆಯಿಡುತ್ತದೆ. ಮರಿ ಹಾರಲು ಆರೇಳು ವಾರ ಬೇಕು. ಅದಕ್ಕೆ ಮುಂಚೆಯೇ ಪೊಟರೆಗೆ ಕೈಹಾಕಿ ತೆಗೆದ ಮರಿಗಳೇ ಸಾಮಾನ್ಯವಾಗಿ ಗುಟ್ಟಾಗಿ ಮಾರಾಟಕ್ಕೆ ಬರುವುದು. ಕೊಂಡವನು ತಾನು ಪೊಟರೆಗೆ ಕೈಹಾಕಲಿಲ್ಲ ಎನ್ನಬಹುದು. ಹಾಕಿಸಿದ್ದು ಅವನ ಹಣವಲ್ಲವೇ?

ದೇಶದ ಕಾನೂನೂ ಸ್ಪಷ್ಟವಾಗಿದೆ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಂತೆ ನಮ್ಮ ನಾಡಿನ ಗಿಳಿಗಳನ್ನು ಹಿಡಿಯುವುದು, ಮಾರುವುದು, ಮನೆಯಲ್ಲಿಟ್ಟುಕೊಳ್ಳುವುದು ಅಪರಾಧ. 2022ರ ತಿದ್ದುಪಡಿಯಲ್ಲಿ ಅವನ್ನು ಎರಡನೇ ಅನುಸೂಚಿಗೆ ಸೇರಿಸಲಾಯಿತು.

ಹಾಗಾದರೆ ಈಗಾಗಲೇ ಮನೆಯಲ್ಲಿರುವ ಗಿಳಿಯನ್ನು ಏನು ಮಾಡಬೇಕು? ಇಂದೇ ಬಾಗಿಲು ತೆರೆದು ಹಾರಿಬಿಡಬೇಡಿ. ಮರಿಯಿಂದಲೇ ಪಂಜರದಲ್ಲಿ ಬೆಳೆದುದಕ್ಕೆ ಆಹಾರ ಹುಡುಕಲು ತಿಳಿಯದು. ರೆಕ್ಕೆ ಕತ್ತರಿಸಿದ್ದರಂತೂ ಬೀದಿಯ ಬೆಕ್ಕಿಗೆ ತುತ್ತಾಗುವುದು. ಅರಣ್ಯ ಇಲಾಖೆಯವರಿಗೆ ತಿಳಿಸಿ ಒಪ್ಪಿಸಿರಿ. ಅಲ್ಲಿಯ ತನಕ ಅದು ನಿಮ್ಮ ಮೇಲಿರುವ ಅಮಾನತ್ತು. ರೆಕ್ಕೆ ಪೂರ್ತಿ ಬಿಚ್ಚಲು ಎಡೆಯಿರುವ ಪಂಜರ ಬೇಕು. ನೀರನ್ನು ದಿನವೂ ಬದಲಿಸಿ, ಬೇಸಿಗೆಯಲ್ಲಿ ಎರಡು ಸಲ. ಬರೀ ಕಾಳು ತಿಂದರೆ ಎ ಜೀವಸತ್ವದ ಕೊರತೆಯಾಗುವುದು. ಪೇರಲ, ಗಜ್ಜರಿ, ಸೊಪ್ಪು, ಹಸಿಮೆಣಸಿನಕಾಯಿ ಕೊಡಿ. ಚಹಾದಲ್ಲಿ ಅದ್ದಿದ ಬಿಸ್ಕತ್ತನ್ನು ಪ್ರೀತಿಯೆಂದು ಭಾವಿಸಬೇಡಿ. ಪಂಜರವನ್ನು ಅಡುಗೆಮನೆಯಲ್ಲಿ ತೂಗುಹಾಕಬಾರದು: ನಾನ್‌ಸ್ಟಿಕ್ ಬಾಣಲೆ ಅತಿಯಾಗಿ ಕಾದರೆ ಹೊಮ್ಮುವ ಹೊಗೆ ಹಕ್ಕಿಯನ್ನು ನಿಮಿಷಗಳಲ್ಲಿ ಕೊಲ್ಲಬಲ್ಲದು. ಹಿಕ್ಕೆ ತೆಗೆದ ಮೇಲೆ ಕೈ ತೊಳೆಯಿರಿ, ಗಿಳಿಯಿಂದ ಮನುಷ್ಯರಿಗೂ ಶ್ವಾಸಕೋಶದ ರೋಗ ತಗಲುವುದುಂಟು.

ಮಕ್ಕಳು ಹಕ್ಕಿಗಾಗಿ ಹಟ ಹಿಡಿದರೆ ಆಸ್ಟ್ರೇಲಿಯಾ ಮೂಲದ ಬಜರಿಗರ್ ಇದೆ. ಅದನ್ನು ಸಾಕಲು ಈ ಕಾಯ್ದೆಯ ಅಡ್ಡಿಯಿಲ್ಲ. ಜನ ಅದನ್ನು 'ಲವ್ ಬರ್ಡ್ಸ್' ಎನ್ನುತ್ತಾರೆ, ಅದು ತಪ್ಪು ಹೆಸರು. 1840ರಲ್ಲಿ ಇಂಗ್ಲೆಂಡಿಗೆ ಬಂದಂದಿನಿಂದ ಇದರ ಸಂತತಿ ಪಂಜರದಲ್ಲೇ ಬೆಳೆದುಬಂದಿದೆ. ಜೋಡಿಯಾಗಿ ಸಾಕಿರಿ, ಒಂಟಿಯಾಗಿ ಅದು ಕೊರಗುವುದು. ಮೂರು ದಿನ ಊರಿಗೆ ಹೋಗುವಾಗ ನೋಡಿಕೊಳ್ಳುವವರು ಯಾರೆಂಬುದನ್ನು ಕೊಳ್ಳುವ ಮುಂಚೆಯೇ ನಿಶ್ಚಯಿಸಿರಿ.

ಇಷ್ಟನ್ನೂ ಆ ಹುಡುಗಿಯ ತಂದೆಗೆ ಹೇಳಿದೆ. ಮೊದಲು ಅವರಿಗೆ ಬೇಸರವಾಯಿತು. ನಾಲ್ಕು ವರ್ಷ ಸಾಕಿದ ಜೀವವಲ್ಲವೇ? ಮುಂದಿನ ವಾರ ಅರಣ್ಯ ಇಲಾಖೆಯ ಕಚೇರಿಗೆ ನನ್ನೊಡನೆ ಬರಲು ಒಪ್ಪಿದ್ದಾರೆ. ಅಲ್ಲಿಯ ತನಕ ಮಿಠ್ಠೂವಿಗೆ ನಿತ್ಯ ಪೇರಲ ತಂದುಕೊಡುವ ಕೆಲಸ ಹುಡುಗಿಯದು.