ಮೇಜಿನ ಮೇಲೆ ಮೂರು ಊರುಗಳ ಜಾಲ

ಮಳೆಗಾಲದಲ್ಲಿ ಘಟ್ಟದ ಮೇಲೆ ಒಂದು ಮರ ಉರುಳಿದರೆ ವಿದ್ಯುತ್ತಿನೊಡನೆ ಅಂತರಜಾಲವೂ ನಿಂತುಹೋಗುವುದುಂಟು. 2020ರಲ್ಲಿ ಕಾಲೇಜುಗಳು ಮುಚ್ಚಿದ್ದಾಗ ಉತ್ತರ ಕನ್ನಡದ ಅನೇಕ ವಿದ್ಯಾರ್ಥಿಗಳು ಸಿಗ್ನಲ್ ಅರಸಿ ಗುಡ್ಡವೇರಿ ಪಾಠ ಕೇಳಿದರು. ಒಂದು ತಂತಿ ಕಡಿದರೆ ಸಂದೇಶವು ಬೇರೊಂದು ದಾರಿ ಹಿಡಿಯಲಾರದೆ? ಇದನ್ನು ಪ್ರಯೋಗದಿಂದಲೇ ನೋಡೋಣ.

ಸಂದೇಶಗಳಿಗೆ ದಾರಿ ತೋರುವ ಯಂತ್ರಕ್ಕೆ ರೂಟರ್ ಎಂದು ಹೆಸರು. ಅಂಚೆಯ ಗುಮಾಸ್ತನು ಕಾಗದವನ್ನು ಒಡೆಯದೆ ವಿಳಾಸವನ್ನಷ್ಟೆ ಓದಿ ಆಯಾ ಚೀಲಕ್ಕೆ ಹಾಕುವಂತೆ, ರೂಟರ್ ತನ್ನ ಪಟ್ಟಿಯನ್ನು ನೋಡಿ ಪ್ಯಾಕೆಟ್ಟನ್ನು ಮುಂದಕ್ಕೆ ಕಳುಹಿಸುತ್ತದೆ. ಮೂರು ರೂಟರುಗಳನ್ನು ಕೊಳ್ಳುವುದು ಸಣ್ಣ ಕಾಲೇಜಿಗೆ ಭಾರವಾದೀತು. ಆದರೆ ರೂಟರಿನ ಕೆಲಸವೆಲ್ಲ ಲೆಕ್ಕಾಚಾರವೇ ಆದ್ದರಿಂದ ಅದನ್ನು ಗಣಕದೊಳಗೇ ನಡೆಯಿಸಬಹುದು. ಅದರ ತಂತ್ರಾಂಶವನ್ನೆಲ್ಲ ಅಡಕಮಾಡಿದ ಕಡತವೇ ‘ಇಮೇಜ್’. ದೊಡ್ಡ ಸಂಸ್ಥೆಗಳ ಕೆಲವು ಇಮೇಜುಗಳು ಒಂದೊಂದೂ 4 ಜಿಬಿ ಸ್ಮೃತಿಯನ್ನು ಕೇಳುತ್ತವೆ. ಮೂರಕ್ಕೆ 12 ಜಿಬಿ. ನಮ್ಮ ಗಣಕದಲ್ಲಿರುವುದು 8 ಜಿಬಿ ಮಾತ್ರವಾದರೆ ಪ್ರಯೋಗ ಅಲ್ಲಿಗೇ ಮುಗಿಯಿತು. ಉಚಿತವಾಗಿ ದೊರೆಯುವ ‘ಎಫ್‌ಆರ್ ರೂಟಿಂಗ್’ನಂತಹ ಹಗುರ ತಂತ್ರಾಂಶವಾದರೆ ಒಂದೊಂದಕ್ಕೆ 256 ಎಂಬಿ ಕೊಟ್ಟರೂ ಮೂರಕ್ಕೂ ಕೂಡಿ 768 ಎಂಬಿ ಸಾಕು.

ಈಗ ‘ಜಿಎನ್‌ಎಸ್ 3’ ಎಂಬ ಉಚಿತ ತಂತ್ರಾಂಶದಲ್ಲಿ ಶಿರಸಿ, ಸಿದ್ದಾಪುರ, ಯಲ್ಲಾಪುರ ಎಂಬ ಮೂರು ರೂಟರುಗಳನ್ನು ತ್ರಿಕೋನಾಕಾರದಲ್ಲಿ ಜೋಡಿಸೋಣ. ಶಿರಸಿಯಿಂದ ಉಳಿದೆರಡು ಊರುಗಳಿಗೆ ಹೋಗುವ ತಂತಿಗಳ ವೆಚ್ಚಾಂಕ 10. ಯಲ್ಲಾಪುರ–ಸಿದ್ದಾಪುರಗಳ ನೇರ ತಂತಿಯದು 30 ಎಂದಿರಲಿ. ‘ಓಎಸ್‌ಪಿಎಫ್’ ಎಂಬ ನಿಯಮಾವಳಿಯಂತೆ ಪ್ರತಿಯೊಂದು ರೂಟರೂ ಜಾಲದ ನಕ್ಷೆಯನ್ನು ತಿಳಿದು, 1959ರಲ್ಲಿ ಡೈಕ್‌ಸ್ಟ್ರಾ ಪ್ರಕಟಿಸಿದ ಕ್ರಮದಿಂದ ಅತ್ಯಲ್ಪ ವೆಚ್ಚದ ದಾರಿಯನ್ನು ಆರಿಸುತ್ತದೆ. ಆದುದರಿಂದ ಯಲ್ಲಾಪುರದ ಪ್ಯಾಕೆಟ್ಟು ಶಿರಸಿಯ ಮೂಲಕ, 10 + 10 = 20 ವೆಚ್ಚದಲ್ಲಿ, ಸಿದ್ದಾಪುರವನ್ನು ಸೇರುತ್ತದೆ.

ಶಿರಸಿ–ಸಿದ್ದಾಪುರಗಳ ನಡುವೆ ಎರಡು ಕೃತಕ ಸ್ವಿಚ್ಚುಗಳನ್ನಿಟ್ಟು, ಆ ಸ್ವಿಚ್ಚುಗಳ ನಡುವಣ ತಂತಿಯನ್ನು ತೆಗೆದುಬಿಡೋಣ. ಯಲ್ಲಾಪುರದಿಂದ ಸೆಕೆಂಡಿಗೊಂದರಂತೆ ಪ್ಯಾಕೆಟ್ಟುಗಳು ಹೊರಡುತ್ತಿರಲಿ. ಸುಮಾರು 30ರಿಂದ 40 ಪ್ಯಾಕೆಟ್ಟುಗಳು ನಷ್ಟವಾಗಿ, ಬಳಿಕ ಉಳಿದವು ನೇರ ದಾರಿಯಲ್ಲಿ ತಲುಪತೊಡಗುತ್ತವೆ. ಇಷ್ಟು ತಡವೇಕೆ? ನೆರೆಯ ರೂಟರುಗಳು 10 ಸೆಕೆಂಡಿಗೊಮ್ಮೆ ‘ಹಲೋ’ ಎಂದು ಕ್ಷೇಮ ತಿಳಿಸುತ್ತಿರುತ್ತವೆ. ತಮ್ಮ ಪಕ್ಕದ ಸ್ವಿಚ್ಚು ಜೀವಂತವಾಗಿರುವುದರಿಂದ ತಂತಿ ಕಡಿದುದು ಅವುಗಳ ಅರಿವಿಗೆ ಬಾರದು. ಕೊನೆಯ ಹಲೋ ಬಂದು 40 ಸೆಕೆಂಡು ಕಳೆದ ಮೇಲೆಯೇ ನೆರೆಯು ಇಲ್ಲವೆಂದು ತೀರ್ಮಾನ. ತಂತಿ ಕಡಿದಾಗ ಆ ಹಲೋ ಬಂದು 10 ಸೆಕೆಂಡುಗಳವರೆಗೆ ಆಗಿರಬಹುದಾದ್ದರಿಂದ ನಷ್ಟವು 30–40ರ ನಡುವೆ ಇರುತ್ತದೆ. ಅವಧಿಗಳನ್ನು 1 ಮತ್ತು 4 ಸೆಕೆಂಡಿಗೆ ಇಳಿಸಿದರೆ ನಷ್ಟವೂ ಮೂರು-ನಾಲ್ಕಕ್ಕೆ ಇಳಿಯುತ್ತದೆ. ಎರಡೂ ಕಡೆ ಒಂದೇ ಅಂಕಿ ಇರತಕ್ಕದ್ದು. ಇಲ್ಲವಾದರೆ ನೆರೆತನವೇ ಕೂಡುವುದಿಲ್ಲ.

ಈ ಪ್ರಯೋಗಕ್ಕೆ ಮಿತಿಯೂ ಉಂಟು. ಮರ ಬೀಳುವುದು, ಜಡಿಮಳೆಯಲ್ಲಿ ಸೂಕ್ಷ್ಮತರಂಗಗಳು ಕ್ಷೀಣಿಸುವುದು ಮೇಜಿನ ಮೇಲೆ ಕಾಣವು. ಎರಡು ದಾರಿಗಳ ತಂತಿಗಳೂ ಒಂದೇ ಕಂಬದ ಮೇಲಿದ್ದರೆ ಒಂದೇ ಮರ ಎರಡನ್ನೂ ಕಡಿದೀತು. ಆಗ ಯಾವ ಲೆಕ್ಕಾಚಾರವೂ ನೆರವಾಗದು. ರೂಟರ್ ಇರುವ ದಾರಿಯನ್ನು ಹುಡುಕಬಲ್ಲುದು, ಇಲ್ಲದ ದಾರಿಯನ್ನು ಕಟ್ಟಲಾರದು. ಅದನ್ನು ಕಟ್ಟಬೇಕಾದವರು ನಾವೇ.