ರಾಕ್ ಸಂಗೀತ ಮತ್ತು ರಘು ದೀಕ್ಷಿತ್

ರಾಕ್ ಎಂಬ ಹೆಸರನ್ನು ಕೇಳಿ ನಮ್ಮವರು ಶಹಾಬಾದದ ಕಲ್ಲನ್ನು ನೆನೆಯಬೇಕಾಗಿಲ್ಲ. ಇಲ್ಲಿ ಆ ಇಂಗ್ಲಿಷ್ ಮಾತಿಗೆ ತೂಗಾಡು, ಅಲುಗಾಡು ಎಂಬ ಅರ್ಥವಿದೆ. 1950ರ ದಶಕದಲ್ಲಿ ಅಮೇರಿಕೆಯಲ್ಲಿ ನೀಗ್ರೋ ಜನಾಂಗದವರ ಹಾಡು ಮತ್ತು ಹಳ್ಳಿಗರ ಹಾಡು ಕೂಡಿ ಈ ಸಂಗೀತ ಬೆಳೆಯಿತು. ವಿದ್ಯುತ್ ಗಿಟಾರು, ಡ್ರಮ್ಮು, ಬಿಗಿಯಾದ ತಾಳ ಇದರ ಲಕ್ಷಣಗಳು. ಇಂಥ ಸಂಗೀತಕ್ಕೆ ಕನ್ನಡದ ಮಾತು ಒಗ್ಗುವುದೇ ಎಂಬ ಪ್ರಶ್ನೆಗೆ ರಘು ದೀಕ್ಷಿತರ ಜೀವನ ಒಂದು ಉತ್ತರವಾಗಿದೆ.

ಅವರು ಹುಟ್ಟಿದ್ದು 1974ರಲ್ಲಿ, ನಾಸಿಕದಲ್ಲಿ, ಬೆಳೆದುದು ಮೈಸೂರಿನಲ್ಲಿ. ಮೊದಲು ಕಲಿತದ್ದು ಹಾಡನ್ನಲ್ಲ, ಭರತನಾಟ್ಯವನ್ನು; ಅದರಲ್ಲಿ ವಿದ್ವತ್ ಪರೀಕ್ಷೆಯವರೆಗೂ ನಡೆದರು. ಓದಿನಲ್ಲಿಯೂ ಹಿಂದೆ ಬೀಳಲಿಲ್ಲ. ಸೂಕ್ಷ್ಮಜೀವಿಶಾಸ್ತ್ರದ ಎಂ.ಎಸ್‌ಸಿ.ಯಲ್ಲಿ ಚಿನ್ನದ ಪದಕ ಪಡೆದರು. ನಾಟ್ಯ ಕಲಿಯುವ ಹುಡುಗನೆಂದು ಸಹಪಾಠಿಯೊಬ್ಬ ಹಾಸ್ಯ ಮಾಡಿದ್ದರಿಂದ, ಪಂತ ಕಟ್ಟಿ ಗಿಟಾರು ಹಿಡಿದೆನೆಂದು ಅವರೇ ಹೇಳಿಕೊಂಡಿದ್ದಾರೆ. ಕೆಲಕಾಲ ಬೆಲ್ಜಿಯಂನಲ್ಲಿ ಉದ್ಯೋಗದಲ್ಲಿದ್ದು, ಅದನ್ನು ತೊರೆದು ತಾಯ್ನಾಡಿಗೆ ಮರಳಿದರು. ಚಿನ್ನದ ಪದಕದವನು ಹೀಗೆ ಮಾಡಿದರೆ ನಮ್ಮ ಮನೆಗಳಲ್ಲಿ ಏನಾದೀತೆಂಬುದನ್ನು ವಾಚಕರೇ ಊಹಿಸಿಕೊಳ್ಳಬಹುದು!

'ಅಂತರಾಗ್ನಿ' ಎಂಬ ಮೇಳ ಕಟ್ಟಿದರು. ಮುಂದೆ ತಮ್ಮ ಹೆಸರಿನಲ್ಲಿಯೇ ಇನ್ನೊಂದು ಮೇಳ ನಡೆಸಿದರು. ಮೊದಲ ಧ್ವನಿಮುದ್ರಿಕೆ ಹೊರಬಂದದ್ದು 2008ರಲ್ಲಿ. ಅದೇ ವರ್ಷ 'ಸೈಕೋ' ಚಿತ್ರಕ್ಕೂ, 2010ರಲ್ಲಿ 'ಜಸ್ಟ್ ಮಾತ್ ಮಾತಲ್ಲಿ' ಚಿತ್ರಕ್ಕೂ ಸಂಗೀತ ಕೊಟ್ಟರು. ಹಿಂದಿ, ಮಲೆಯಾಳ ಚಿತ್ರಗಳೂ ಉಂಟು. 2011ರಲ್ಲಿ ಇಂಗ್ಲೆಂಡಿನ ಗ್ಲಾಸ್ಟನ್‌ಬರಿ ಉತ್ಸವದಲ್ಲಿ ಹಾಡಿದರು. ಅವರು ವೇದಿಕೆಗೆ ಬರುವುದು ಲುಂಗಿಯುಟ್ಟು, ಕಾಲಿಗೆ ಗೆಜ್ಜೆ ಕಟ್ಟಿ. ನಾಟ್ಯವನ್ನು ಅವರು ಬಿಟ್ಟಿಲ್ಲವೆಂಬುದಕ್ಕೆ ಆ ಗೆಜ್ಜೆಯೇ ಸಾಕ್ಷಿ.

ಆದರೆ ನಮಗೆ ಮುಖ್ಯವಾದುದು ಬೇರೆ. ಶಿಶುನಾಳ ಶರೀಫರ (1819–1889) 'ಗುಡುಗುಡಿಯ ಸೇದಿ ನೋಡೋ' ಪದವನ್ನು ಅವರು ಗಿಟಾರಿಗೆ ಅಳವಡಿಸಿ ಹಾಡಿದರು. ಗುಡುಗುಡಿಯ ನೆಪದಲ್ಲಿ ಮನಸ್ಸು, ಮೋಹ, ಬುದ್ಧಿಗಳ ವಿಚಾರ ಹೇಳುವ ಪದವದು. ಸಿ. ಅಶ್ವತ್ಥರು ಇದಕ್ಕೂ ಮೊದಲೇ ಶರೀಫರ ಪದಗಳನ್ನು ಸುಗಮ ಸಂಗೀತದ ಮೂಲಕ ಮನೆಮನೆಗೆ ಮುಟ್ಟಿಸಿದ್ದರು. ದೀಕ್ಷಿತರು ಅವನ್ನು ಕನ್ನಡವರಿಯದವರ ಮುಂದೆಯೂ ಇಟ್ಟರು.

ಇದು ತತ್ತ್ವಪದಕ್ಕೆ ಅಪಚಾರವೆನ್ನುವವರಿದ್ದಾರೆ. ನಮ್ಮ ಕಲಬುರಗಿ ಸೀಮೆಯವರು ಈ ಮಾತನ್ನು ತೂಗಿ ನೋಡಬಲ್ಲರು. ಕಡಕೋಳ ಮಡಿವಾಳಪ್ಪನವರ ಪದಗಳನ್ನು ಏಕತಾರಿ, ದಮ್ಮಡಿಗಳೊಡನೆ ಕೇಳಿ ಬೆಳೆದವರು ಇಲ್ಲಿದ್ದಾರೆ. ಕಮಲಾಪುರದ ಕಡೆಯಿಂದ ಬರುವ ನಮ್ಮ ಗೆಳೆಯರಿಗೂ ಭಜನೆಯ ರಾತ್ರಿಗಳು ಹೊಸವಲ್ಲ. ಅಲ್ಲಿ ಹಾಡುವವನು ನಡುವೆ ನಿಲ್ಲುತ್ತಾನೆ. ಹಿರಿಯರೊಬ್ಬರು ಅರ್ಥ ಬಿಡಿಸುತ್ತಾರೆ. ಮತ್ತೆ ಹಾಡು ಸಾಗುತ್ತದೆ. ಗಿಟಾರಿನ ಓಟದಲ್ಲಿ ಆ ನಿಲುಗಡೆಗೆ ಎಡೆಯಿಲ್ಲ. ಇದು ನಷ್ಟವೇ ಸರಿ. ಆದರೆ ವಾದ್ಯ ಬದಲಾದ ಮಾತ್ರಕ್ಕೆ ಪದ ಕೆಟ್ಟಿತೆನ್ನುವುದು ನನಗೆ ಒಪ್ಪಿಗೆಯಿಲ್ಲ. ದೀಕ್ಷಿತರ ಕಂಠದಲ್ಲಿ ಮಾತು ಸ್ಪಷ್ಟವಾಗಿ ಕೇಳುತ್ತದೆ. ತಾಳ ಅದನ್ನು ನುಂಗುವುದಿಲ್ಲ. 2013ರ 'ಜಗ್ ಚಂಗಾ' ಸಂಕಲನದಲ್ಲಿಯೂ ಅವರು ಶರೀಫರನ್ನು ಬಿಡಲಿಲ್ಲ. 'ಲೋಕದ ಕಾಳಜಿ' ಅದರಲ್ಲಿದೆ. ಗುಡುಗುಡಿಯ ಪದವನ್ನು ಅವರ ಕಂಠದಲ್ಲಿ ಮೊದಲು ಕೇಳಿ, ಅದರ ಅರ್ಥವೇನೆಂದು ಮನೆಯ ಹಿರಿಯರನ್ನು ವಿಚಾರಿಸಿದ ವಿದ್ಯಾರ್ಥಿಗಳು ನಮ್ಮ ನಡುವೆಯೇ ಇದ್ದಾರೆ.