ಗೇಟು, ಕೊಳೆರೋಗ ಮತ್ತು ಸಂಭವನೀಯತೆ

ಮಲೆನಾಡಿನ ತೋಟಗಳ ಮೇಲೆ ಸುರಿದ ಮಳೆ ತುಂಗೆ, ಭದ್ರೆಯರ ಮೂಲಕ ಹೊಸಪೇಟೆಯ ಅಣೆಕಟ್ಟು ಸೇರುತ್ತದೆ. 2024ರ ಆಗಸ್ಟ್ 10ರ ರಾತ್ರಿ ಅಲ್ಲಿನ 33 ಕ್ರೆಸ್ಟ್ ಗೇಟುಗಳಲ್ಲಿ 19ನೆಯದು ಸರಪಳಿ ತುಂಡಾಗಿ ಕೊಚ್ಚಿಹೋದುದು ಸದಸ್ಯ ಬಾಂಧವರಿಗೆ ನೆನಪಿರಬಹುದು.

ಒಂದು ವರ್ಷದಲ್ಲಿ ಕೆಡುವ ಗೇಟುಗಳ ಸಂಖ್ಯೆ ಸೊನ್ನೆಯಿಂದ 33ರವರೆಗೆ ಯಾವುದೂ ಆಗಬಹುದು, ಮೊದಲೇ ಹೇಳಲಾಗದು. ಇಂಥ ಸಂಖ್ಯೆಗೆ ಸಂಖ್ಯಾಶಾಸ್ತ್ರದಲ್ಲಿ ಯಾದೃಚ್ಛಿಕ ಚಲಕವೆಂದು ಹೆಸರು. (ಹೆಸರಿಗೆ ಹೆದರಬೇಕಿಲ್ಲ.) ಪ್ರತಿ ಗೇಟು ಕೆಡುವ ಸಂಭವ ವರ್ಷಕ್ಕೆ ನೂರರಲ್ಲಿ ಒಂದು ಎಂದು ಕೇವಲ ಲೆಕ್ಕಕ್ಕಾಗಿ ಇಟ್ಟುಕೊಳ್ಳೋಣ. ಒಂದೂ ಕೆಡದಿರುವ ಸಂಭವಕ್ಕೆ 33 ಸಲ 0.99 ಬರೆದು ಗುಣಿಸಬೇಕು: ನೂರಕ್ಕೆ ಸುಮಾರು 72. ಒಂದೇ ಗೇಟು ಕೆಡುವುದು 24, ಎರಡು ಅಥವಾ ಹೆಚ್ಚು 4. ನೂರನ್ನು ಹೀಗೆ ಹಂಚಿದ ಪಟ್ಟಿಯೇ ಸಂಭವನೀಯತಾ ವಿತರಣೆ. ಒಂದೊಂದು ಗೇಟೂ ಭದ್ರವೆನಿಸಿದರೂ ಒಟ್ಟಿನ ಅಪಾಯ ನೂರಕ್ಕೆ 28!

ಆದರೆ ಒಂದು ಗೇಟಿನ ಗತಿ ಇನ್ನೊಂದನ್ನು ಅವಲಂಬಿಸದಿದ್ದಾಗ ಮಾತ್ರ ಈ ಗುಣಾಕಾರ ಸರಿ. ಅಡಿಕೆಯ ಕೊಳೆರೋಗ ಹಾಗಲ್ಲ. ಒಂದು ಗೊನೆಗೆ ತಗುಲಿದರೆ ಮಳೆ ಗಾಳಿಯಲ್ಲಿ ಪಕ್ಕದ ಮರಕ್ಕೂ ಹಬ್ಬುತ್ತದೆ. ಆಗ ಇಂಥ ಪಟ್ಟಿ ತೋಟಕ್ಕೆ ಹೊಂದದು: ರೋಗವೇ ಕಾಣದ ವರ್ಷಗಳೂ ಹೆಚ್ಚು, ಫಸಲೆಲ್ಲ ನೆಲಕ್ಕುದುರುವ ವರ್ಷಗಳೂ ಹೆಚ್ಚು. ಮಳೆಗಾಲ ಹಿಡಿಯುವ ಮುನ್ನ ಒಂದು ಮರವನ್ನೂ ಬಿಡದೆ ಬೋರ್ಡೋ ದ್ರಾವಣ ಹೊಡೆಯಿರಿ ಎನ್ನುವುದು ಇದಕ್ಕೇ.